ಎಣ್ಣೆ ಡಬ್ಬಿಯ ಕ್ಯಾಪ್ಟನ್

ನಮ್ಮ ಕ್ಯಾಪ್ಟನ್ ಪೆಂಗೆಲಿ ಶತ್ರುವಿಗಿಂತ ಕೆಸರಿಗೇ ಹೆಚ್ಚು ಹೆದರುತ್ತಿದ್ದರು. ಗುಂಡು ಹಾರುತ್ತಿದ್ದರೂ ಸರಿ, ಸಂಜೆಯಾದರೆ ಮೊದಲ ಮಹಾಯುದ್ಧದಲ್ಲಿ ನಾವಿದ್ದ ಫ್ಲ್ಯಾಂಡರ್ಸಿನ ಆ ಕಂದಕದೊಳಗೆ ತಿಮಿಂಗಿಲದ ಎಣ್ಣೆಯ ಡಬ್ಬಿ ಹಿಡಿದು, "ಬೂಟು ಬಿಚ್ರಪ್ಪಾ" ಎಂದು ಹಾಜರು. ನೀರಲ್ಲಿ ನೆನೆದ ಕಾಲು ಕೊಳೆಯದಿರಲೆಂದು ಒಬ್ಬೊಬ್ಬರ ಪಾದವನ್ನೂ ಮಡಿಲಲ್ಲಿಟ್ಟುಕೊಂಡು ತಾವೇ ಉಜ್ಜುವರು. ಒದ್ದೆ ಕಾಲುಚೀಲ ಕಂಡರೆ ಬೈದು, ಎಲ್ಲಿಂದಲೋ ಒಣಗಿದ್ದು ತಂದು ತೊಡಿಸುವರು. "ನಮ್ಮವ್ವನೂ ಇಷ್ಟು ಉಜ್ಜಿಲ್ಲ ಸಾರ್" ಎಂದು ನಮ್ಮ ಜೊತೆಯ ಸಿಪಾಯಿ ಡೂಲಿ ಕಿಚಾಯಿಸಿದರೆ, "ಅವ್ವನ ಹತ್ರ ನಡ್ಕೊಂಡು ಹೋಗೋದು ಬೇಡ್ವೇನೋ? ಕಾಲು ಚಾಚು!" ಎಂದು ಗದರುವರು. ದಾಳಿಯ ಬೆಳಿಗ್ಗೆ ನಮ್ಮೆಲ್ಲರಿಗಿಂತ ಮೊದಲು ಕಂದಕದಿಂದ ಮೇಲೆ ಹತ್ತಿದ ಕ್ಯಾಪ್ಟನ್ ಅಲ್ಲೇ ಗುಂಡು ತಗುಲಿ ಬಿದ್ದರು. ಹೊತ್ತು ತಂದು ಬೂಟು ಬಿಚ್ಚಿದರೆ ಒಳಗೆ ಕಾಲುಚೀಲವೇ ಇರಲಿಲ್ಲ. ಬೆರಳುಗಳೆಲ್ಲ ಕಪ್ಪಾಗಿ ಕೊಳೆತಿದ್ದವು. ಡೂಲಿ ಡಬ್ಬಿ ಹುಡುಕಿ ತಂದು, ಆ ಪಾದಗಳನ್ನು ಮಡಿಲಲ್ಲಿಟ್ಟುಕೊಂಡು ಉಜ್ಜತೊಡಗಿದ.