ನೂರಕ್ಕೆ ಐವತ್ತೆಂಟು

೨೦೦೧ರ ಆಗಸ್ಟ್ ಹದಿನಾಲ್ಕು, ಮಂಗಳವಾರ, ಬೆಳಗ್ಗೆ ಹತ್ತು ಗಂಟೆ ಇಪ್ಪತ್ತು ನಿಮಿಷ. ಇಂದುಧರ ಕಣಕಟ್ಟೆಯ ಕರಿಯಯ್ಯನ ಮನೆಯ ಅಟ್ಟದ ಮೇಲೆ ಕುಕ್ಕರಗಾಲಲ್ಲಿ ಕೂತು, ಒಣಗಿದ ತೆಂಗಿನಕಾಯಿಯೊಂದನ್ನು ಬಲಗಿವಿಗೆ ಹಿಡಿದು ಕುಲುಕುತ್ತಿದ್ದ. ಅದು ಆ ದಿನದ ಅರವತ್ತೊಂದನೆಯ ಕಾಯಿ. ಒಳಗಿನ ಕೊಬ್ಬರಿ ಚಿಪ್ಪು ಬಿಟ್ಟು ಲೊಟಲೊಟ ಎಂದಿತು. ಒಳ್ಳೆಯ ಕಾಯಿ. ಅದನ್ನು ಎಡಕ್ಕಿಟ್ಟು ಮುಂದಿನದನ್ನು ಕೈಗೆತ್ತಿಕೊಂಡನಷ್ಟೇ, ಎದೆಯ ಮೇಲೆ ಯಾರೋ ಮಂಡಿಯೂರಿ ಕೂತ ಹಾಗಾಯಿತು. ಕೈಯಲ್ಲಿದ್ದ ಕಾಯಿ ಜಾರಿ ಅಟ್ಟದ ಹಲಗೆಗಳ ಮೇಲೆ ಉರುಳಿಕೊಂಡು ಹೋಯಿತು.

"ಏನ್ಲಾ ಇಂದುಧರ, ಕಾಯಿ ಕುಲುಕು ಅಂದ್ರೆ ಮನೇನೇ ಕುಲುಕ್ತಾ ಇದ್ದೀಯಲ್ಲ!" ಎಂದು ಕರಿಯಯ್ಯ ಕೆಳಗಿನಿಂದ ನಕ್ಕ. ಏಣಿ ಹತ್ತಿ ಇಣುಕಿದವನು ನಗು ನಿಲ್ಲಿಸಿ ಟೆಂಪೋ ಕರೆಸಿದ.

ಇಂದುಧರನಿಗೆ ಆಗ ಐವತ್ತೊಂದು ವರ್ಷ. ಅದರಲ್ಲಿ ಇಪ್ಪತ್ತಾರು ವರ್ಷ ಅರಸೀಕೆರೆಯ ಕೊಬ್ಬರಿ ಮಂಡಿಯೊಂದರ ಪರವಾಗಿ ಹಳ್ಳಿಹಳ್ಳಿ ತಿರುಗಿ, ಅಟ್ಟ ಹತ್ತಿ, ಮಾಲು ನೋಡಿದವನು. ಅವನ ಕ್ರಮ ಒಂದೇ. ರಾಶಿಯ ನಾಲ್ಕು ಮೂಲೆಯಿಂದ ಇಪ್ಪತ್ತಿಪ್ಪತ್ತು, ನಡುವಿನಿಂದ ಇಪ್ಪತ್ತು, ಒಟ್ಟು ನೂರು ಕಾಯಿ ಆರಿಸುವುದು. ಒಂದೊಂದನ್ನೂ ಕುಲುಕಿ, ಅನುಮಾನ ಬಂದದ್ದನ್ನು ಒಡೆದು ನೋಡಿ, ಒಳ್ಳೆಯದನ್ನು ಎಡಕ್ಕೆ, ಕೌಟು ವಾಸನೆ ಹಿಡಿದದ್ದನ್ನೂ ಕೊಳೆತದ್ದನ್ನೂ ಬಲಕ್ಕೆ ಇಡುವುದು. ಎಡಗಡೆ ಎಷ್ಟೋ ಅದೇ ಅಂಕಿ. ತೊಂಬತ್ತು ದಾಟಿದರೆ ಯಜಮಾನನ ಮನೆಯಲ್ಲಿ ಕಾಫಿ ಜೊತೆಗೆ ಕೋಡುಬಳೆ ಬರುತ್ತಿತ್ತು. ಎಂಬತ್ತು ಹಾಗೂ ಹೀಗೂ ಪರವಾಗಿಲ್ಲ. ಅರವತ್ತಕ್ಕಿಂತ ಇಳಿಯಿತೋ, ಇಡೀ ರಾಶಿ ಎಣ್ಣೆ ಗಾಣಕ್ಕೆ. ಅಂಥ ಮನೆಗಳಲ್ಲಿ ಅವನು ಅಂಕಿಯನ್ನು ಮೆಲ್ಲಗೆ ಹೇಳಿ, "ಏನೂ ಭಯ ಇಲ್ಲ ಕಣ್ರೀ" ಎಂದು ಸೇರಿಸುತ್ತಿದ್ದ. ಭಯ ಇದ್ದಲ್ಲಿ ಮಾತ್ರ ಆ ಮಾತು ಹೇಳುತ್ತಿದ್ದ.

ಅರಸೀಕೆರೆಯ ನರ್ಸಿಂಗ್ ಹೋಮಿನಲ್ಲಿ ಇ.ಸಿ.ಜಿ. ತೆಗೆದು, "ಹಾಸನಕ್ಕೆ ಹೋಗಿ ಹೃದಯದ ಎಕೋ ಸ್ಕ್ಯಾನ್ ಮಾಡಿಸ್ಕೊಂಡು ಬಿಡಿ" ಎಂದರು. ಎರಡು ದಿನ ಬಿಟ್ಟು ಅವನೊಬ್ಬನೇ ಬಸ್ಸು ಹತ್ತಿದ. ಹೆಂಡತಿ ರುದ್ರಮ್ಮನಿಗೆ, "ಗ್ಯಾಸ್ಟ್ರಿಕ್ಕಂತೆ, ಮಾತ್ರೆ ತತ್ತೀನಿ" ಎಂದಿದ್ದ.

ಹಾಸನದ ಆ ಕೋಣೆ ಕತ್ತಲಾಗಿತ್ತು. ಎಡಮಗ್ಗುಲಿಗೆ ಮಲಗಿಸಿ, ಎದೆಗೆ ತಣ್ಣಗಿನ ಅಂಟು ಸವರಿ, ಸಣ್ಣ ಉಪಕರಣವೊಂದನ್ನು ಪಕ್ಕೆಲುಬಿನ ಸಂದಿಗೆ ಒತ್ತಿ ಹಿಡಿದರು. ಪರದೆಯ ಮೇಲೆ ಬೂದುಬಣ್ಣದ್ದೇನೋ ಬಾಯಿ ತೆರೆದು ಮುಚ್ಚುತ್ತಿತ್ತು. ಅದನ್ನು ಅವನು ನೋಡಲಿಲ್ಲ. ಯಂತ್ರದಿಂದ ಸದ್ದು ಬಂದಾಗ ಮಾತ್ರ ಅವನ ಕಿವಿ ತಾನಾಗಿ ನಿಮಿರಿತು. ಸೊಳಕ್, ಸೊಳಕ್, ಸೊಳಕ್. ಒಳಗೆ ನೀರಾಡುವ ಸದ್ದು. ವರ್ಷ ಕಳೆದ ಕಾಯಿಯಲ್ಲಿ ಇನ್ನೂ ನೀರಾಡಿದರೆ ಅವನು ಎರಡನೆಯ ಸಲ ಕುಲುಕುತ್ತಿರಲಿಲ್ಲ, ಬಲಕ್ಕೆ ಹಾಕುತ್ತಿದ್ದ.

ಹೊರಗೆ ಸಾಲು ಉದ್ದವಿತ್ತು. ಡಾಕ್ಟರು ವರದಿ ಕೈಗಿಡುತ್ತಾ, "ಏನೂ ಭಯ ಇಲ್ಲ. ಇ.ಎಫ್. ಫಿಫ್ಟಿ ಎಯ್ಟ್ ಪರ್ಸೆಂಟ್ ಇದೆ. ಬಿ.ಪಿ. ಜಾಸ್ತಿ ಇದೆ, ಈ ಮಾತ್ರೆ ದಿನಾ ತಗೊಳ್ಳಿ" ಎಂದರು.

"ಇ.ಎಫ್. ಅಂದ್ರೆ ಏನು ಸಾರ್?"

"ಹೃದಯ ಎಷ್ಟು ಕೆಲಸ ಮಾಡ್ತಿದೆ ಅನ್ನೋ ಲೆಕ್ಕ. ಮುಂದಿನವರು ಬನ್ನಿ."

ನೂರಕ್ಕೆ ಐವತ್ತೆಂಟು. ಏನೂ ಭಯ ಇಲ್ಲ. ಎರಡನ್ನೂ ಒಟ್ಟಿಗೆ ಕೇಳಿದ ಮೇಲೆ ಇಂದುಧರನಿಗೆ ಇನ್ನೇನೂ ಕೇಳುವುದು ಉಳಿಯಲಿಲ್ಲ. ಬಸ್ಸು ಹಾರನಹಳ್ಳಿ ದಾಟುವುದರೊಳಗೆ ಅವನ ತಲೆಯಲ್ಲಿ ಲೆಕ್ಕ ಮುಗಿದಿತ್ತು. ನಲವತ್ತೆರಡು ಪಾಲು ಆಗಲೇ ಹೋಗಿದೆ. ಕೊಳೆಯಲು ಹತ್ತಿದ ರಾಶಿ ನಿಂತಲ್ಲಿ ನಿಲ್ಲುವುದಿಲ್ಲ, ಪಕ್ಕದ್ದಕ್ಕೂ ಹಬ್ಬುತ್ತದೆ. ಅವನ ಅನುಭವದಲ್ಲಿ ತಿಂಗಳಿಗೆ ನೂರಕ್ಕೆ ಐದು. ಐವತ್ತೆಂಟನ್ನು ಐದರಿಂದ ಭಾಗಿಸಿದರೆ ಹನ್ನೊಂದು ತಿಂಗಳು, ಮೇಲೆ ಕೆಲವು ದಿನ.

ಮಾತ್ರೆಯ ಚೀಟಿಯನ್ನು ಮಡಿಚಿ ವರದಿಯೊಂದಿಗೆ ಅಂಗಿಯ ಒಳಜೇಬಿಗೆ ಇಟ್ಟ. ಕೊಳೆತ ಮಾಲಿಗೆ ಔಷಧಿ ಹೊಡೆದು ಸರಿಮಾಡಿದವರನ್ನು ಅವನು ಇದುವರೆಗೆ ಕಂಡಿರಲಿಲ್ಲ.

ಆಮೇಲಿನ ಒಂಬತ್ತು ವಾರ ಅವನು ಬದುಕಿದ ರೀತಿಯನ್ನು ಬದುಕು ಎನ್ನುವುದು ಕಷ್ಟ. ಏಣಿಯ ಮೂರನೆಯ ಮೆಟ್ಟಿಲಿಗೇ ನಿಂತು ಇಳಿದುಬಿಡುತ್ತಿದ್ದ. ಮಂಡಿಯವರಿಗೆ ಸೊಂಟನೋವು ಎಂದ. ಗಟ್ಟಿಯಾಗಿ ಕೆಮ್ಮಲೂ ಅಂಜಿಕೆ, ಸೀನು ಬಂದರೆ ಎದೆಯನ್ನು ಎರಡೂ ಕೈಯಲ್ಲಿ ಅದುಮಿಕೊಳ್ಳುತ್ತಿದ್ದ. ಊಟದ ನಡುವೆ ತುತ್ತು ಹಿಡಿದು ಸುಮ್ಮನಾಗಿಬಿಡುತ್ತಿದ್ದ, ಒಳಗಿನ ಸದ್ದು ಕೇಳಿಸುತ್ತದೋ ಎಂದು. ಸೆಪ್ಟೆಂಬರ್ ಹದಿನಾರಕ್ಕೆ ಮನಸ್ಸಿನಲ್ಲೇ ಐವತ್ತಮೂರು ಎಂದುಕೊಂಡ. ಅಕ್ಟೋಬರ್ ಹದಿನಾರಕ್ಕೆ ನಲವತ್ತೆಂಟು. ಅಂದು ಸ್ನಾನಕ್ಕೆ ತುಂಬಿದ ಬಿಂದಿಗೆಯನ್ನು ನಿಜವಾಗಿಯೂ ಎತ್ತಲಾರದೆ ಚೊಂಬಿನಲ್ಲಿ ನೀರು ಮೊಗೆದುಕೊಂಡ.

ತನ್ನ ಸಾವಿಗಿಂತ ಅವನನ್ನು ಹೆಚ್ಚು ಕಾಡಿದ್ದು ಮಗಳು. ಹೇಮಲತಾ ಹತ್ತೊಂಬತ್ತರವಳು, ಅರಸೀಕೆರೆಯಲ್ಲೇ ಎರಡನೆಯ ವರ್ಷದ ಬಿ.ಎಸ್ಸಿ. ಓದುತ್ತಿದ್ದಳು. ಎಂ.ಎಸ್ಸಿ. ಮಾಡಬೇಕೆಂಬ ಅವಳ ಆಸೆಗೆ ಹೂಂ ಎಂದವನು ಅವನೇ. ಈಗ ಯಾರಿಗೂ ಹೇಳದೆ ಹಳೇಬೀಡಿಗೆ ಹೋಗಿ, ಹಾರ್ಡ್‌ವೇರ್ ಅಂಗಡಿಯ ದೇವೀರಪ್ಪನವರೊಂದಿಗೆ ಮಾತಾಡಿ ಬಂದ. ಅವರ ತಮ್ಮನ ಮಗ ಶಶಿಧರ್, ಒಳ್ಳೆಯ ಹುಡುಗ. ಭಾನುವಾರ ಹೆಣ್ಣು ನೋಡುವುದು, ಮಾಘದೊಳಗೆ ಲಗ್ನ, ಹುಡುಗಿ ಕಾಲೇಜು ಬಿಡುವುದು. ಇಷ್ಟನ್ನು ಗುರುವಾರ ಬೆಳಗ್ಗೆ ಮನೆಯಲ್ಲಿ ಹೇಳಿದ.

ರುದ್ರಮ್ಮ ಹಾಲು ಕರೆದು ಆಗತಾನೇ ಒಳಗೆ ಬಂದಿದ್ದಳು. ತಂಬಿಗೆಯನ್ನು ಕೆಳಗಿಡುವುದನ್ನೇ ಮರೆತಳು.

"ಏನ್ರೀ ಇದು, ಸಂತೇಲಿ ಕರ ಮಾರ್ದಂಗೆ? ನನ್ನೊಂದ್ ಮಾತು ಕೇಳ್ಬಾರ್ದಾಗಿತ್ತಾ?"

"ಹೊತ್ತಿಲ್ಲ ಕಣೇ."

"ಯಾಕಪ್ಪಾಜಿ ಹೊತ್ತಿಲ್ಲ?" ಹೇಮಲತಾ ಬಾಗಿಲಿಗೆ ಅಡ್ಡ ನಿಂತಿದ್ದಳು. ದನಿ ಗಟ್ಟಿಯಾಗಿದ್ದರೂ ಸೆರಗಿನ ಹಾಗೆ ಹಿಡಿದುಕೊಂಡಿದ್ದ ದುಪಟ್ಟಾದ ತುದಿ ಬೆರಳಲ್ಲಿ ನುಲಿದುಹೋಗಿತ್ತು. "ನಾನೇನ್ ತಪ್ಪು ಮಾಡಿದೀನಿ, ಅದನ್ನಾದ್ರೂ ಹೇಳಿ. ಇಲ್ಲಾಂದ್ರೆ ಭಾನುವಾರ ನಾನು ಹಿತ್ತಲಿಂದ ಈಚೆಗೆ ಬರಲ್ಲ."

"ನಿಂದೇನೂ ತಪ್ಪಿಲ್ಲ ಕಣವ್ವ."

"ಮತ್ತೆ?"

ಅವನು ಗೋಡೆ ಹಿಡಿದು ಮೆಲ್ಲಗೆ ಕೂತ. "ನಂದು ಐವತ್ತೆಂಟು ಅಂದವ್ರೆ. ತಿಂಗಳಿಗೆ ಐದು ಕೊಳೆತು, ಈಗ ನಲವತ್ತೆಂಟಕ್ಕೆ ಇಳಿದೈತೆ. ಮುಂದಿನ ಶ್ರಾವಣ ನಾನು ನೋಡಲ್ಲ."

ರುದ್ರಮ್ಮನ ಕೈಯ ತಂಬಿಗೆ ವಾಲಿತು. ಹಾಲು ಅವಳ ಪಾದದ ಮೇಲೆ ಸುರಿಯಿತು. ಅವಳು ಅಳಲಿಲ್ಲ, ಅವನ ಎದೆಯನ್ನೇ ನೋಡುತ್ತಾ ನಿಂತಳು, ಅದು ಈಗಲೇ ನಿಲ್ಲುತ್ತದೆ ಎನ್ನುವ ಹಾಗೆ.

ಹೇಮಲತಾಳ ಬಾಯಿಂದ ಬಂದದ್ದು ಪ್ರಯೋಗಾಲಯದ ಪ್ರಶ್ನೆ. "ಯಾವ್ದರಲ್ಲಿ ಐವತ್ತೆಂಟು?"

"ನೂರರಲ್ಲಿ."

"ನೂರು ಏನು, ಅಪ್ಪಾಜಿ? ನೂರು ಅಂದ್ರೆ ಏನಾದ್ರೂ ಇರ್ಬೇಕಲ್ಲ."

"ಹೃದಯ ಕಣವ್ವ. ಇನ್ನೇನು ಕಾಯೇನು?" ಎಂದು ರೇಗಿದ. ರೇಗಿದ್ದಕ್ಕೆ ಹೆದರಿ ಎದೆಯ ಮೇಲೆ ಕೈಯಿಟ್ಟುಕೊಂಡ.

ಅವಳು ವರದಿ ಕೇಳಿದಳು. ಒಂಬತ್ತು ವಾರದ ಬೆವರಿಗೆ ಅದರ ಮಡಿಕೆ ಹರಿಯುವಂತಾಗಿತ್ತು. ಇಂಗ್ಲಿಷಿನ ಚಿಕ್ಕ ಚಿಕ್ಕ ಅಕ್ಷರಗಳು, ಎದುರಿಗೆ ಅಂಕಿಗಳು. ಇ.ಡಿ.ವಿ. ೧೧೦. ಇ.ಎಸ್.ವಿ. ೪೬. ಇ.ಎಫ್. ೫೮. ಯಾವ ಅಕ್ಷರ ಏನು ಹೇಳುತ್ತದೆ ಎಂದು ಅವಳಿಗೂ ಗೊತ್ತಿರಲಿಲ್ಲ. ಆದರೆ ಮೊದಲಿನ ಎರಡರ ಮುಂದೆ ಎಂ.ಎಲ್. ಎಂದಿತ್ತು. ಎಂ.ಎಲ್. ಎಂದರೆ ಮಿಲಿಲೀಟರ್, ಅಳೆದು ಸುರಿಯುವ ವಸ್ತು. ಹೃದಯದೊಳಗೆ ಅಳೆದು ಸುರಿಯಬಹುದಾದದ್ದು ರಕ್ತವೊಂದೇ. ಅವಳು ಕರೆಂಟ್ ಬಿಲ್ಲಿನ ಹಿಂಬದಿಯಲ್ಲಿ ಅಂಕಿಗಳನ್ನು ಕೂಡಿ, ಕಳೆದು, ಭಾಗಿಸಿ ನೋಡಿದಳು. ನೂರ ಹತ್ತರಲ್ಲಿ ನಲವತ್ತಾರು ಕಳೆದರೆ ಅರವತ್ತನಾಲ್ಕು. ಅರವತ್ತನಾಲ್ಕನ್ನು ನೂರ ಹತ್ತರಿಂದ ಭಾಗಿಸಿದಾಗ ಪೆನ್ನು ನಿಂತಿತು. ಸೊನ್ನೆ ದಶಾಂಶ ಐದು ಎಂಟು.

"ಇದು ಕೊಳೆತದ್ದರ ಲೆಕ್ಕ ಅಲ್ಲ. ತುಂಬಿಕೊಂಡಿರೋ ರಕ್ತದಲ್ಲಿ ಒಂದು ಬಡಿತಕ್ಕೆ ಎಷ್ಟು ಆಚೆ ಹೋಗುತ್ತೆ ಅನ್ನೋದು ಇದು. ನೂರ ಹತ್ತು ತುಂಬುತ್ತೆ, ಅರವತ್ತನಾಲ್ಕು ಹೋಗುತ್ತೆ."

"ಮಿಕ್ಕಿದ್ದು?"

"ಒಳಗೇ ಇರುತ್ತೆ."

ಇಂದುಧರನ ಮುಖ ಇನ್ನಷ್ಟು ಬಿಳುಪಾಯಿತು. "ಒಳಗೇ ಉಳ್ಕೊಂಡ್ರೆ ಕೌಟಾಗಲ್ವೇನವ್ವ?"

ಹೇಮಲತಾ ಮತ್ತೆ ಬಿಲ್ಲಿನ ಲೆಕ್ಕ ನೋಡಿದಳು. ಭಾಗಾಕಾರ ಅದನ್ನು ಹೇಳಿರಲಿಲ್ಲ. ಐವತ್ತೆಂಟು ಸಾಕೋ ಸಾಲದೋ, ಅದನ್ನೂ ಹೇಳಿರಲಿಲ್ಲ.

ರುದ್ರಮ್ಮ ಆಗ ಬಾಯಿಬಿಟ್ಟಳು. "ಒಂದು ಹಿಂಡಿಗೆ ಮೊಲೇಲಿರೋ ಹಾಲೆಲ್ಲ ಬಂದ್ಬಿಡುತ್ತೇನ್ರೀ? ಹಿಂಡ್ತೀವಿ, ಒಂದಿಷ್ಟು ಬತ್ತದೆ, ಮತ್ತೆ ತುಂಬ್ಕೊತದೆ. ಹಂಗಂತ ಹಸ ಕೆಟ್ಟೋಯ್ತದಾ?" ಹೇಳುತ್ತಾ ಹೇಳುತ್ತಾ ಅವಳಿಗೇ ಧೈರ್ಯ ಸಾಲದೆ, "ನಡೀರಿ, ಹಾಸನಕ್ಕೆ ಹೋಗಿ ಕೇಳನ" ಎಂದಳು.

ಶುಕ್ರವಾರ ಮೂವರೂ ಹೋದರು. ದಾರಿಯುದ್ದಕ್ಕೂ ಬಸ್ಸು ಹಳ್ಳಕ್ಕೆ ಬಿದ್ದಾಗಲೆಲ್ಲ ರುದ್ರಮ್ಮ ಗಂಡನ ಎದೆಗೆ ಅಂಗೈ ಆನಿಸುತ್ತಿದ್ದಳು. ಕಿಟಕಿಯ ಪಕ್ಕ ಹೇಮಲತಾ ಬಿಲ್ಲಿನ ಕಾಗದವನ್ನು ಬಿಚ್ಚಿ ಮಡಿಚಿ ಮಾಡುತ್ತಿದ್ದಳು. ಭಾಗಾಕಾರ ಸರಿಯಿದೆ, ಆದರೆ ತಾನು ಊಹಿಸಿದ ಅರ್ಥ ತಪ್ಪಾಗಿದ್ದರೆ? ಭಾನುವಾರದ ಭಯಕ್ಕಿಂತ ಈಗ ಅಪ್ಪನ ಜೀವದ ಭಯ ದೊಡ್ಡದಾಗಿತ್ತು. ಅವರು ಬದುಕುವುದಾದರೆ ಮದುವೆಯಾಗಿಬಿಡುತ್ತೇನೆ ಎಂದೂ ಒಂದು ಕ್ಷಣ ಅಂದುಕೊಂಡಳು.

ಅಂದು ಬೇರೊಬ್ಬ ಡಾಕ್ಟರಿದ್ದರು, ವಯಸ್ಸಾದ ಹೆಂಗಸು. ವರದಿಯನ್ನು, ಆಮೇಲೆ ಬಿಲ್ಲಿನ ಹಿಂದಿನ ಲೆಕ್ಕವನ್ನು ನೋಡಿದರು.

"ಇದು ಯಾರು ಮಾಡಿದ್ದು? ನೀನೇನಮ್ಮ? ಸರಿಯಾಗಿದೆ. ಎಜೆಕ್ಷನ್ ಫ್ರ್ಯಾಕ್ಷನ್ ಅಂತಾರೆ ಇದಕ್ಕೆ. ಹೃದಯದ ಎಡ ಕೆಳಕೋಣೆ ತುಂಬಿದಾಗ ಇರೋ ರಕ್ತದಲ್ಲಿ ಒಂದು ಸಲಕ್ಕೆ ಎಷ್ಟು ಪಾಲು ಆಚೆ ತಳ್ಳುತ್ತೆ ಅನ್ನೋದು. ಪೂರ್ತಿ ಖಾಲಿ ಮಾಡೋ ಹೃದಯ ಯಾರಿಗೂ ಇಲ್ಲ. ಐವತ್ತೈದರಿಂದ ಎಪ್ಪತ್ತು ಇದ್ರೆ ಚೆನ್ನಾಗಿದೆ ಅಂತ. ನಲವತ್ತಕ್ಕಿಂತ ಇಳಿದ್ರೆ ಹೃದಯ ಸೋತಿದೆ ಅಂತೀವಿ."

"ಉಳಿದಿದ್ದು ಕೆಡಲ್ವಾ ತಾಯಿ?" ಇಂದುಧರ ಕೇಳಿದ.

"ಮುಂದಿನ ಬಡಿತಕ್ಕೆ ಹೊಸದರ ಜೊತೆ ಸೇರಿ ಅದೂ ಹೋಗುತ್ತೆ. ನಿಲ್ಲೋದಕ್ಕೆ ಪುರಸೊತ್ತೆಲ್ಲಿದೆ ಅದಕ್ಕೆ?"

ರುದ್ರಮ್ಮ ದೊಡ್ಡದಾಗಿ ಉಸಿರುಬಿಟ್ಟು, "ನಾ ಹೇಳ್ಲಿಲ್ವೇನ್ರೀ" ಎಂದಳು. ಆ ಮಾತಿಗೆ ನಗಬೇಕಾಗಿದ್ದ ಡಾಕ್ಟರ ಮುಖ ಗಂಭೀರವಾಗಿತ್ತು. ಅವನ ತೋಳಿಗೆ ಕಟ್ಟಿದ್ದ ಬಿ.ಪಿ. ಪಟ್ಟಿಯ ಗಾಳಿಯನ್ನು ಎರಡನೆಯ ಸಲ ಬಿಡುತ್ತಿದ್ದರು.

"ನೂರ ಎಪ್ಪತ್ತೆಂಟು. ಕೆಳಗಿನದು ನೂರಾ ನಾಲ್ಕು. ಮಾತ್ರೆ ತಗೋತಿಲ್ವಾ?"

ಅವನು ಒಳಜೇಬಿನಿಂದ ಮಾತ್ರೆಯ ಚೀಟಿ ತೆಗೆದು ಮೇಜಿನ ಮೇಲಿಟ್ಟ. ಅದರ ಮೇಲೆ ಔಷಧಿ ಅಂಗಡಿಯ ಮುದ್ರೆ ಒಂದೂ ಇರಲಿಲ್ಲ.

"ಒಂಬತ್ತು ವಾರ," ಎಂದರು ಡಾಕ್ಟರು. "ಒಳ್ಳೆ ಹೃದಯ ಇಟ್ಕೊಂಡು, ಅದರ ಮೇಲೆ ಒಂಬತ್ತು ವಾರ ಕಲ್ಲು ಹೇರಿದ್ದೀರಿ. ಬಿ.ಪಿ. ಹೀಗೇ ಬಿಟ್ಟಿದ್ರೆ ಆ ಐವತ್ತೆಂಟು ನಿಜವಾಗ್ಲೂ ಇಳೀತಿತ್ತು. ಪಾರ್ಶ್ವವಾಯುವೂ ಹೊಡೀಬಹುದಿತ್ತು. ಇವತ್ತು ಇನ್ನೊಂದು ಸಲ ಎಕೋ ನೋಡೋಣ."

ಇಷ್ಟು ದಿನ ಇಂದುಧರ ಇಲ್ಲದ ರೋಗಕ್ಕೆ ಅಂಜಿ, ಇದ್ದ ರೋಗವನ್ನು ಜೇಬಿನಲ್ಲಿ ಮಡಿಚಿಟ್ಟುಕೊಂಡು ತಿರುಗಿದ್ದ. ಮತ್ತೆ ಅದೇ ಕತ್ತಲ ಕೋಣೆ, ಅದೇ ಅಂಟು, ಅದೇ ಸೊಳಕ್ ಸೊಳಕ್. ಈ ಸಲ ಅವನು ಕಣ್ಣು ಮುಚ್ಚಿಕೊಂಡಿದ್ದ, ಮಗಳು ಪರದೆ ನೋಡುತ್ತಿದ್ದಳು. ಹೊರಗೆ ಬಂದ ವರದಿಯಲ್ಲಿ ಐವತ್ತೇಳು ಎಂದಿತ್ತು. ಅವನ ಮುಖ ನೋಡಿದ ಡಾಕ್ಟರು, ಅಳತೆಯಲ್ಲಿ ಒಂದೆರಡು ಹೆಚ್ಚುಕಡಿಮೆ ಬರುವುದೇ ಎಂದರು. ಅವನು ಅದನ್ನು ನಂಬಿದ, ಆದರೆ ಪೂರ್ತಿ ಅಲ್ಲ. ಅಂದು ಸಂಜೆ ಏಳು ಗಂಟೆಗೆ ಮೊದಲ ಮಾತ್ರೆ ನುಂಗಿದ.

ಭಾನುವಾರ ಹಳೇಬೀಡಿನವರು ಬಂದೇ ಬಂದರು. ಬೇಡವೆನ್ನಲು ಮುಂಚಿತವಾಗಿ ಹೇಳಿಕಳಿಸುವುದಕ್ಕೆ ಅವನಿಗೆ ಬಾಯಿ ಬಂದಿರಲಿಲ್ಲ. ದೇವೀರಪ್ಪ ಚಾಪೆಯ ಮೇಲೆ ಕೂತು ವಿಭೂತಿಯ ಹಣೆ ಒರೆಸಿಕೊಳ್ಳುತ್ತಾ ಕೇಳಿದರು.

"ಏನ್ರೀ, ಹುಡುಗೀನ ಕರೆಸ್ತೀರೋ, ಇಲ್ಲ ನಮ್ಮನ್ನೂ ಕುಲುಕಿ ನೋಡ್ತೀರೋ?"

ಎಲ್ಲರೂ ನಕ್ಕರು. ಇಂದುಧರ ನಗಲಿಲ್ಲ. ಎದೆ ಜೋರಾಗಿ ಹೊಡೆದುಕೊಳ್ಳುತ್ತಿತ್ತು. ಮಾತ್ರೆ ನುಂಗಿ ಎರಡೇ ದಿನವಾಗಿತ್ತು, ಕೊಟ್ಟ ಮಾತು ಹಿಂದಕ್ಕೆ ತೆಗೆದುಕೊಳ್ಳುವುದಕ್ಕೆ ಅಷ್ಟು ಸಾಕೋ ಇಲ್ಲವೋ. ಅಡುಗೆಮನೆಯ ಬಾಗಿಲ ಹಿಂದೆ ಬಳೆಯ ಸದ್ದೂ ಇರಲಿಲ್ಲ.

"ತಪ್ಪು ನಂದು," ಎಂದ ಅವನು. "ನನ್ನ ಆರೋಗ್ಯದ ಬಗ್ಗೆ ತಪ್ಪು ತಿಳ್ಕೊಂಡು ಅವಸರ ಮಾಡ್ಬಿಟ್ಟೆ. ಹುಡುಗಿ ಓದ್ಬೇಕು. ಡಿಗ್ರಿ ಆದ್ಮೇಲೆ ಎಂ.ಎಸ್ಸಿ.ನೂ ಮಾಡ್ಲಿ ಅಂತ ಇದೀನಿ. ನೀವು ದೊಡ್ಡೋರು, ಬೇಜಾರ್ ಮಾಡ್ಕೋಬೇಡಿ."

ದೇವೀರಪ್ಪನವರ ಮುಖ ಗಂಟಿಕ್ಕಿತು. ಅವರು ಶಲ್ಯ ಸರಿಮಾಡಿಕೊಳ್ಳುತ್ತಾ, ಸ್ವಲ್ಪ ಕೊಂಕಿನಲ್ಲೇ ಕೇಳಿದರು.

"ಹಂಗಾದ್ರೆ ಹುಡುಗಿ ಮದುವೆ ಇನ್ನೆಷ್ಟು ವರ್ಷಕ್ಕೆ ಮಾಡನಾ ಅಂತ ಇದ್ದೀರಿ, ಇಂದುಧರಯ್ಯ? ನೀವೇ ಮುಂದೆ ನಿಂತು ಮಾಡೋರು ತಾನೆ?"

ಅವನು ಎದೆಯ ಮೇಲಿದ್ದ ಕೈಯನ್ನು ಮೆಲ್ಲಗೆ ತೆಗೆದು ತೊಡೆಯ ಮೇಲಿಟ್ಟುಕೊಂಡ. ದನಿ ಅಡುಗೆಮನೆಗೆ ಕೇಳಿಸುವಷ್ಟು ಗಟ್ಟಿಯಾಗಿತ್ತು.

"ನಾನೇ. ನಾಲ್ಕು ವರ್ಷ."