ಗಳಿಗೀಪುರಕ್ಕೆ ಹೋದ ತಂಗಿ

ಅವ್ವನನ್ನು ಹೊಟ್ಟೆಯ ಆಪರೇಶನ್ನಿಗೆಂದು ಧಾರವಾಡದ ದವಾಖಾನೆಗೆ ಸೇರಿಸಿದಾಗ ನನಗೆ ಹತ್ತು ವರ್ಷ, ತಂಗಿಗೆ ಐದು ತುಂಬಿ ಆರು. ನಾವಾಗ ದಾಂಡೇಲಿಯಲ್ಲಿ, ಕಾಗದದ ಗಿರಣಿಯ ಕೆಲಸಗಾರರ ಸಾಲುಮನೆಯೊಂದರಲ್ಲಿ ಇದ್ದೆವು. ಅವ್ವ ಹೋದ ದಿನ ಅಪ್ಪ "ಎಂಟ ದಿನದಾಗ ಬರ್ತಾಳ" ಅಂದಿದ್ದ. ಎಂಟು ದಿನ ಕಳೆದ ಮೇಲೂ ಅದನ್ನೇ ಅಂದ. ಮೂರನೆಯ ಸಲ ಅನ್ನುವಾಗ ಅವನು ನಮ್ಮ ಮುಖ ನೋಡಲಿಲ್ಲ, ಚಪ್ಪಲಿ ಹುಡುಕುತ್ತಿದ್ದ. ಅವತ್ತಿನಿಂದ ನನಗೆ ಭಯ ಹತ್ತಿತು.

"ಅಕ್ಕಾ, ಎಂಟ ದಿನ ಅಂದ್ರ ಎಷ್ಟು?" ಎಂದು ತಂಗಿ ಕೇಳುತ್ತಲೇ ಇದ್ದಳು. ಬೆರಳು ಮಡಚಿ ತೋರಿಸುತ್ತಿದ್ದೆ. ಬೆರಳು ಮುಗಿದರೂ ಅವ್ವ ಬಾರದಿದ್ದಾಗ ಅವಳು ನನ್ನ ಲೆಕ್ಕ ನಂಬುವುದನ್ನು ಬಿಟ್ಟಳು. ಅವಳ ಅಳು ನಿಲ್ಲಿಸಲು ನಾನು ಗಳಿಗೀಪುರ ಎಂಬ ರಾಜ್ಯವನ್ನು ಕಟ್ಟಿದೆ.

ಕಟ್ಟುವುದು ಕಷ್ಟವಾಗಲಿಲ್ಲ. ನಮ್ಮ ಮನೆಯಲ್ಲೇ ಹೊತ್ತು ಅಡ್ಡಾದಿಡ್ಡಿಯಾಗಿತ್ತು. ರಾತ್ರಿ ಪಾಳಿಯ ವಾರ ಅಪ್ಪ ಮುಂಜಾನೆ ಬಂದು ರೊಟ್ಟಿ ತಿಂದು, ಕಿಟಕಿಗೆ ಕಂಬಳಿ ಕಟ್ಟಿ ಮಲಗುತ್ತಿದ್ದ. ಗಿರಣಿಯ ಭೋಂಗಾ ಕೂಗಿದರೆ ಒಬ್ಬರ ದಿನ ಮುಗಿದು ಇನ್ನೊಬ್ಬರದು ಸುರುವಾಗುತ್ತಿತ್ತು. ಗಳಿಗೀಪುರದಲ್ಲಿ ರಾಣಿ ಎದ್ದಾಗಲೇ ಬೆಳಗು, ಆಕೆ ಆಕಳಿಸಿದರೆ ಕತ್ತಲು. ಸೋಮವಾರ ಚಲೋ ಇತ್ತೆಂದರೆ ಮರುದಿನವೂ ಸೋಮವಾರ. ತಂಗಿ ಬಾಯಿ ತೆರೆದು ಕೇಳುತ್ತಿದ್ದಳು, ನಾನು ಬೆಳೆಸುತ್ತಾ ಹೋದೆ. ಅಲ್ಲಿ ಕಣ್ಣು ಮುಚ್ಚಿ, ಮಾತಾಡದೆ ಒಂದು ಗಳಿಗೆ ಕೂತರೆ ಇಲ್ಲಿ ತಿಂಗಳೇ ಸರಿದಿರುತ್ತದೆ ಅಂದೆ.

"ಅದು ಎಲ್ಲೈತಿ?"

"ಬಿದಿರಿನ ಒಟ್ಟಿಲ ಹಿಂದ."

ಗಿರಣಿಗೆಂದು ಲಾರಿಗಳಲ್ಲಿ ಬರುತ್ತಿದ್ದ ಬಿದಿರನ್ನು ಬಯಲಿನಲ್ಲಿ ಮನೆಗಿಂತ ಎತ್ತರಕ್ಕೆ ಒಟ್ಟಿರುತ್ತಿದ್ದರು. ಒಟ್ಟಿಲು ಜಾರಿದರೆ ದೊಡ್ಡವರೂ ಉಳಿಯುವುದಿಲ್ಲ, ಸಂದಿಯಲ್ಲಿ ಹಾವಿರುತ್ತವೆ ಎಂದು ಎಲ್ಲ ಮಕ್ಕಳಿಗೂ ಹೆದರಿಸಿಟ್ಟಿದ್ದರು. ಹೋಗಲಾಗದ ಜಾಗವೆಂದೇ ನಾನು ಅದರ ಹೆಸರು ಹೇಳಿದ್ದು.

ಒಂದು ಮಧ್ಯಾಹ್ನ ನಾನು ಬೀದಿಯ ನಳದಿಂದ ಕೊಡ ಹೊತ್ತು ಬಂದಾಗ ತಂಗಿ ಮನೆಯಲ್ಲಿರಲಿಲ್ಲ. ಹಿತ್ತಲಲ್ಲೂ ಇಲ್ಲ. ಟ್ರಂಕಿನ ಬಾಯಿ ತೆರೆದಿತ್ತು. ಅವ್ವ ಬಂದ ದಿನ ಹಾಕಿಕೊಳ್ಳಬೇಕೆಂದು ಎತ್ತಿಟ್ಟಿದ್ದ ಹಳದಿ ಫ್ರಾಕು ಅದರಲ್ಲಿರಲಿಲ್ಲ. ನೋಡಿದ ಕೂಡಲೇ ನನಗೆ ಎಲ್ಲಾ ತಿಳಿಯಿತು. ಆದರೂ ಬಾಯಿ ಬಿಡಲಿಲ್ಲ.

ಬಾಜೂ ಮನೆಯ ಮಾವಶಿ ಬಂದು, "ಎಲ್ಲಿ ಹೋದ್ಲ ಸಣ್ಣಾಕಿ? ನಿನಗೇನರ ಹೇಳಿದ್ಲ?" ಎಂದು ಕೇಳಿದಳು. "ಇಲ್ರಿ" ಅಂದೆ. ನಿದ್ದೆಯಿಂದೆದ್ದ ಅಪ್ಪ ಕೇಳಿದಾಗಲೂ ಇಲ್ಲವೆಂದೆ. ಯಾರೋ, ಒಂದು ಸಣ್ಣ ಹುಡುಗಿ ಹೊಳೆಯ ಕಡೆ ನಡೆದದ್ದನ್ನು ಕಂಡೆ ಅಂದರು. ಸಾಲಿನ ಗಂಡಸರೆಲ್ಲ ಕಾಳಿ ಹೊಳೆಗೆ ಓಡಿದರು. ನಾನೂ ಹಿಂದೆ ಓಡಿದೆ. ತಾನಾಗಿ ಬಂದುಬಿಡುತ್ತಾಳೆ, ನಾನು ಹೇಳುವುದೇ ಬೇಡವಾಗುತ್ತದೆ ಎಂದು ದಾರಿಯುದ್ದಕ್ಕೂ ನನಗೆ ನಾನೇ ಹೇಳಿಕೊಳ್ಳುತ್ತಿದ್ದೆ.

ಗಂಡಸರು ಉದ್ದ ಗಳ ಇಳಿಸಿ ನೀರಿನ ತಳ ತಡವುತ್ತಿದ್ದರು. ಅಪ್ಪ ಬನಿಯನ್ನಿನಲ್ಲೇ ಎದೆಮಟ ನೀರಿಗಿಳಿದು ತಂಗಿಯ ಹೆಸರು ಹಿಡಿದು ಕೂಗುತ್ತಿದ್ದ. ಒಂದು ಗಳಕ್ಕೆ ಏನೋ ತಗಲಿತು. ಎಳೆದರೆ ಕೊಳೆತ ಕೊಂಬೆ. ಅದು ಮೇಲೆ ಬರುವ ತನಕ ಅಪ್ಪನ ಮುಖ ಇದ್ದ ರೀತಿಯನ್ನು ನನಗೆ ನೋಡಲಾಗಲಿಲ್ಲ.

"ಅಪ್ಪಾ, ಆಕಿ ಹೊಳ್ಯಾಗ ಇಲ್ಲ."

ಅವನು ತಿರುಗಿ ನೋಡಿದ. "ಮತ್ತ?"

"ಬಿದಿರಿನ ಒಟ್ಟಿಲ ಹಿಂದ ಅದಾಳ. ಅವ್ವ ಲಗೂನ ಬರ್ಲಿ ಅಂತ ಹೋಗ್ಯಾಳ. ನಾನ ಹಂಗ ಹೇಳಿದ್ದೆ."

ಅವನು ಹೊಡೆಯಲಿಲ್ಲ. ನೀರು ಸುರಿಯುವ ಮೈಯಲ್ಲೇ ಓಡಿದ.

ಬಯಲಿನಲ್ಲಿ ಲಾರಿಯಿಂದ ಬಿದಿರು ಕೆಡವುತ್ತಿದ್ದರು. ಅಪ್ಪ ಕೈ ಬೀಸಿ ನಿಲ್ಲಿಸಿದ. ಒಟ್ಟಿಲುಗಳ ನಡುವೆ ಹೋಗಿ ಹೋಗಿ ಕೂಗಿದ, ಕೂಲಿ ಹೆಂಗಸರೂ ಕೂಗಿದರು. ಉತ್ತರವಿಲ್ಲ. ಬಿದಿರು ಬಿಸಿಲಿಗೆ ಚಟಚಟ ಅನ್ನುವ ಸದ್ದು ಮಾತ್ರ. ಹೆಂಗಸೊಬ್ಬಳು ತಲೆಯ ಮೇಲೆ ಕೈಯಿಟ್ಟು ಕುಳಿತಳು. ಆಗ ನನಗೆ ಹೊಳೆಯಿತು. ಮಾತಾಡಿದರೆ ಹೊತ್ತು ಓಡುವುದು ನಿಂತುಹೋಗುತ್ತದೆಂದು ಅವಳು ಓ ಅನ್ನುತ್ತಿಲ್ಲ. ಅಷ್ಟು ಜನರ ಎದುರು ನಾಚಿಕೆಯಿಂದ ಸಾಯುತ್ತಾ ನಾನು ಕೂಗಿದೆ: "ಗಳಿಗಿ ಮುಗೀತು, ಕಣ್ಣ ತಗಿ. ಹೊರಗ ಬಾ."

ದೂರದ ಎರಡು ಒಟ್ಟಿಲುಗಳ ಸಂದಿಯಿಂದ, ಮಗುವೊಂದೇ ನುಸುಳಬಹುದಾದ ಜಾಗದಿಂದ, ಅವಳು ತೆವಳಿಕೊಂಡು ಬಂದಳು. ಫ್ರಾಕಿನ ತುಂಬ ಧೂಳು, ಮೊಣಕೈ ತರಚಿತ್ತು. ಅಪ್ಪನನ್ನು ನೋಡಿ ಕೇಳಿದ ಮೊದಲ ಮಾತು, "ಅವ್ವ ಬಂದಾಳೇನು?"

ಅಪ್ಪ ಅಲ್ಲೇ ನೆಲಕ್ಕೆ ಕೂತುಬಿಟ್ಟ. ಅವಳನ್ನು ತೊಡೆಯ ಮೇಲೆಳೆದುಕೊಂಡು ಫ್ರಾಕಿನ ಧೂಳು ಕೊಡವಿದ. ಆಮೇಲೆ, "ಇಲ್ಲವ್ವಾ. ಎಂದ ಬರ್ತಾಳಂತ ನನಗೂ ಗೊತ್ತಿಲ್ಲ. ಹೊಲಿಗಿ ಕೀವಾಗೇತಿ" ಅಂದ.

ಅವನು ನಮಗೆ ನಿಜ ಹೇಳಿದ್ದು ಅದೇ ಮೊದಲು. ಕೇಳಿ ಭಯ ಹೆಚ್ಚಾಯಿತು, ಆದರೆ ಆ ಭಯ ನನ್ನೊಬ್ಬಳದಾಗಿ ಉಳಿಯಲಿಲ್ಲ.

ಮರುದಿನ ಅಪ್ಪ ರಜೆ ಹಾಕಿ ನಮ್ಮಿಬ್ಬರನ್ನೂ ಧಾರವಾಡಕ್ಕೆ ಕರೆದೊಯ್ದ. ಬಸ್ಸು ಹಳಿಯಾಳ ದಾಟಿದ ಮೇಲೆ, ತಂಗಿ ನಿದ್ದೆ ಹೋದಳೆಂದು ನೋಡಿ, ಮೆಲ್ಲಗೆ ಕೇಳಿದ: "ನಿನ್ನಿ ನಾ ಎದ್ದು ಕೇಳಿದಾಗ ನಿನಗ ಗೊತ್ತಿತ್ತೇನು?"

"ಇಲ್ಲಪ್ಪಾ. ಹೊಳಿ ಹತ್ರ ಹೋದಾಗ ನೆನಪಾತು."

ಅವನು ಹೂಂ ಅಂದ. ಮತ್ತೆ ಯಾವತ್ತೂ ಕೇಳಲಿಲ್ಲ. ನಂಬಿದನೋ, ನಂಬಿದಂತೆ ಮಾಡಿದನೋ, ಅವನು ಇರುವವರೆಗೂ ನನಗೆ ತಿಳಿಯಲಿಲ್ಲ.

ಮಂಚದ ಮೇಲಿನ ಅವ್ವನ ಗುರುತು ಸಿಗುವಂತಿರಲಿಲ್ಲ, ಕೆನ್ನೆ ಅಷ್ಟು ಇಳಿದಿತ್ತು. ತಂಗಿ ಹತ್ತಿರ ಹೋಗದೆ ಅಪ್ಪನ ಧೋತರ ಹಿಡಿದು ನಿಂತಳು. ಅವ್ವ ಕೈ ಚಾಚಿ, "ಬಾ, ಹೆದರಬ್ಯಾಡ, ನಾನ ಅದೇನಿ" ಅಂದಾಗ ಹೋಗಿ ಆ ಕೈ ಮೂಸಿ ನೋಡಿ, ಮಂಚ ಹತ್ತಿದಳು.

ಅವ್ವ ಮನೆಗೆ ಬಂದದ್ದು ಮಳೆ ಹಿಡಿದ ಮೇಲೆ. ಬಗ್ಗಬಾರದೆಂದು ಡಾಕ್ಟರು ಹೇಳಿದ್ದರಿಂದ ರೊಟ್ಟಿ ಬಡಿಯುವುದು ನನ್ನ ಪಾಲಿಗೆ ಬಂತು. ಅವ್ವ ಗೋಡೆಗೊರಗಿ ಕೂತು, ಹಿಟ್ಟು ಎಷ್ಟು ನಾದಬೇಕೆಂದು ಹೇಳಿಕೊಡುತ್ತಿದ್ದಳು.