ಮಾಲೆ ಹಾಕಿದ ಚುಕ್ಕಿ

ಮೂರು ವರ್ಷದ ಹಿಂದಿನ ಜೂನ್ ತಿಂಗಳು. ಆಗ ಚೆನ್ನೈನ ಅಂಬತ್ತೂರು ಇಂಡಸ್ಟ್ರಿಯಲ್ ಎಸ್ಟೇಟಿನ ಹಿಂದಿನ ಬೀದಿಯಲ್ಲಿ, ನಮ್ಮ ಬಾಡಿಗೆ ಮನೆಯ ಮುಂದಿನ ಕೋಣೆಯಲ್ಲಿ, ಕಾರ್ಖಾನೆಯವರಿಗೆ ಮಧ್ಯಾಹ್ನದ ಊಟ ಹಾಕುವುದು ನನ್ನ ಕೆಲಸವಾಗಿತ್ತು. ಹಾಗಂತ ಯಾವುದಾದರೂ ಫಾರಂನಲ್ಲಿ ಉದ್ಯೋಗ ಏನೆಂದು ಕೇಳಿದರೆ ಇವತ್ತಿಗೂ ‘ಗೃಹಿಣಿ’ ಅಂತಲೇ ಬರೆಯುತ್ತೇನೆ. ಮನೆಗೆ ಬೇಯಿಸುವ ಅನ್ನವನ್ನೇ ಇನ್ನೆಪ್ಪತ್ತು ಜನಕ್ಕೆ ಬೇಯಿಸುತ್ತಿದ್ದೆ, ಅಷ್ಟೇ.

ನಾವು ಚಿತ್ರದುರ್ಗದ ಕಡೆಯವರು. ನಮ್ಮ ಯಜಮಾನರು ಇಲ್ಲಿ ಲೇತ್ ಮೆಷಿನ್ ಮೇಲೆ ಇಪ್ಪತ್ತು ವರ್ಷ ನಿಂತು ದುಡಿದವರು. ಸೊಂಟ ಹಿಡಿದ ಮೇಲೆ ನಿಲ್ಲಲಾಗಲಿಲ್ಲ. ಅವರು ಬಾಗಿಲ ಬಳಿ ಕೂತು ಟೋಕನ್ ಕೊಡುತ್ತಿದ್ದರು, ನಾನು ಒಲೆಯ ಮುಂದೆ, ಬಡಿಸಲು ಪಕ್ಕದ ಬೀದಿಯ ಸೆಲ್ವಿ. ಬೆಳಿಗ್ಗೆ ಶಿವಪೂಜೆ ಮುಗಿಸಿ, ವಿಭೂತಿ ಹಚ್ಚಿಕೊಂಡು ಆರು ಪಡಿ ಅಕ್ಕಿ ತೊಳೆಯುತ್ತಿದ್ದೆ. ಪಡಿ ಅಂದರೆ ಇಲ್ಲಿನ ಅಳತೆ. ನನ್ನ ಕೈಯಲ್ಲಿ ಒಂದು ಪಡಿಗೆ ಹನ್ನೆರಡು ಊಟ. ಸಿಲಿಂಡರು ಹೊತ್ತಿಗೆ ಬಂತು, ಬೋರಿನ ನೀರು ಬತ್ತಲಿಲ್ಲ, ಸಾರು ಕೊನೆಯ ತಟ್ಟೆಯವರೆಗೂ ಸಾಕಾಯಿತು. ಇಂಥ ಸಣ್ಣ ದಯೆಗಳನ್ನು ಎಣಿಸಿಕೊಂಡೇ ಆರು ವರ್ಷ ಕಳೆದಿದ್ದವು.

ಆ ಜೂನ್‌ನಲ್ಲಿ ನಮ್ಮ ಎದುರಿಗೇ ಹೊಸ ಕ್ಯಾಂಟೀನ್ ತೆರೆಯಿತು. ಸ್ಟೀಲಿನ ಕೌಂಟರು, ನಾಲ್ಕು ದೊಡ್ಡ ಫ್ಯಾನು, ಚಿಕನ್ ಬಿರಿಯಾನಿ, ಅನ್ನದ ಜೊತೆ ಆಮ್ಲೆಟ್. ಆರು ಪಡಿ ಐದಾಯಿತು, ಜುಲೈ ಕೊನೆಗೆ ಮೂರೂವರೆಗೆ ಬಂತು.

“ಅಕ್ಕಾ, ಅಲ್ಲಿ ಕಾದ ದೋಸೆಕಲ್ಲಿನ ಮೇಲೆ ಮೊಟ್ಟೆ ಒಡೆಯೋ ಸದ್ದಿಗೇ ಜನ ರಸ್ತೆ ದಾಟ್ತಾರೆ,” ಎಂದಳು ಸೆಲ್ವಿ. “ನಾವೂ ಒಂದು ಕಲ್ಲು ಇಡೋಣ. ನೀವು ಮುಟ್ಟಬೇಡಿ, ನಾನು ಹಾಕ್ತೀನಿ. ನೀವು ಆ ಕಡೆ ತಿರುಗಿ ‘ಶಿವ ಶಿವ’ ಅಂತಿರಿ.”

ಯಜಮಾನರಿಗೆ ನಗು ಬಂತು, ನನಗೆ ಬರಲಿಲ್ಲ. ತಿನ್ನುವವರ ಬಗ್ಗೆ ನನಗೆ ಏನೂ ಇಲ್ಲ. ಸೆಲ್ವಿಯೇ ಮನೆಯಲ್ಲಿ ಮೀನು ಬೇಯಿಸಿ, ಕೈ ತೊಳೆದು ಇಲ್ಲಿ ಬಂದು ಬಡಿಸುವವಳು. ಆದರೆ ದೇವರ ಎಡೆ ಬೇಯುವ ಒಲೆ ಅದು, ಎರಡನೆಯ ಅಡುಗೆಮನೆಗೆ ಜಾಗ ಇರಲಿಲ್ಲ. ಇನ್ನೊಂದು ಕಡೆ, ಮೂರು ಪಡಿಗಿಂತ ಕೆಳಗೆ ಹೋದರೆ ಸೆಲ್ವಿಯನ್ನು ಇಟ್ಟುಕೊಳ್ಳಲಾಗದು. ಅವಳಿಲ್ಲದೆ ನನಗೆ ನಡೆಸಲಾಗದು. ಇಲ್ಲಿನ ಆಡಿ ತಿಂಗಳು ಆಗಸ್ಟ್ ನಡುವಿಗೆ ಮುಗಿಯುತ್ತದೆ, ಅಷ್ಟರೊಳಗೆ ಒಂದು ತೀರ್ಮಾನಕ್ಕೆ ಬರುವುದು, ಮೊಟ್ಟೆ ಇಡುವುದು ಇಲ್ಲವೇ ಬಾಗಿಲು ಹಾಕುವುದು ಎಂದಾಯಿತು.

ಅದೇ ವಾರ ನಮ್ಮ ನಾದಿನಿಯ ಮಗಳು ಚೇತನಾ ಬಂದಳು. ಹುಟ್ಟಿ ಬೆಳೆದದ್ದೆಲ್ಲ ಇಲ್ಲೇ. ಗಿಂಡಿ ಕಡೆಯ ಕಾಲೇಜೊಂದರಲ್ಲಿ ಸಂಶೋಧನೆ ಮಾಡುತ್ತಿದ್ದಳು. ವಿಷಯ ಕೇಳಿದರೆ ‘ಏಜೆಂಟ್-ಬೇಸ್ಡ್ ಮಾಡೆಲಿಂಗ್’ ಅನ್ನುತ್ತಿದ್ದಳು. ಅಂಗಡಿಗಳ ಪೈಪೋಟಿಯನ್ನು ಕಂಪ್ಯೂಟರಿನಲ್ಲಿ ಆಡಿಸಿ ನೋಡುವುದಂತೆ. ನಮ್ಮ ಕಥೆ ಕೇಳಿದವಳು ಬ್ಯಾಗಿನಿಂದ ಲ್ಯಾಪ್‌ಟಾಪ್ ತೆಗೆದೇಬಿಟ್ಟಳು.

“ಅತ್ತೆ, ನಿಮ್ಮ ಬೀದೀನೇ ನನಗೆ ಕೊಡಿ. ಮಾಡಿ ನೋಡೋಣ.”

“ಜೋಯಿಸರು ಹೇಳೋದನ್ನ ನೀನು ಇದರಲ್ಲಿ ಹೇಳ್ತೀಯೇನೆ?”

“ಅಯ್ಯೋ, ಜೋಸ್ಯ ಅಲ್ಲ ಅತ್ತೆ, ಸಿಮ್ಯುಲೇಶನ್!”

ಅವಳು ವಿವರಿಸಿದ್ದನ್ನು ನನಗೆ ತಿಳಿದಷ್ಟು ಹೇಳುತ್ತೇನೆ. ಮಾರುಕಟ್ಟೆ ಅಂದರೆ ಒಂದು ದೊಡ್ಡ ಲೆಕ್ಕ ಅಂತ ತಿಳಿಯದೆ, ಒಬ್ಬೊಬ್ಬ ಗಿರಾಕಿಯನ್ನೂ ಒಂದೊಂದು ಚುಕ್ಕಿ ಮಾಡುವುದು. ಆ ಚುಕ್ಕಿಯೇ ಏಜೆಂಟ್. ಅದಕ್ಕೆ ಎರಡು ಮೂರು ಸಣ್ಣ ನಿಯಮ ಕೊಡುವುದು: ಇಷ್ಟು ದೂರ ನಡೆಯುತ್ತದೆ, ಇಷ್ಟು ಬೆಲೆ ಕೊಡುತ್ತದೆ, ಇದು ಇಷ್ಟ, ನಿನ್ನೆ ತಿಂದದ್ದು ರುಚಿಸಿದರೆ ಮತ್ತೆ ಬರುತ್ತದೆ. ಅಂಗಡಿಗಳು ಚೌಕಗಳು. ಆಮೇಲೆ ಬಿಟ್ಟುಬಿಡುವುದು. ಎಲ್ಲಿಗೆ ಹೋಗು ಎಂದು ಯಾವ ಚುಕ್ಕಿಗೂ ಯಾರೂ ಹೇಳುವುದಿಲ್ಲ.

ಅವಳು ಒಂದು ಕೀಲಿ ಒತ್ತಿದಳು. ಇನ್ನೂರು ಬೂದುಬಣ್ಣದ ಚುಕ್ಕಿಗಳು ಕಾರ್ಖಾನೆಯ ಗೇಟಿನಿಂದ ಹೊರಬಿದ್ದು ಹರಿದಾಡಿದವು. ಸಕ್ಕರೆ ಚೆಲ್ಲಿದ ಕಡೆ ಇರುವೆ ಸಾಲು ಕಟ್ಟಿದ ಹಾಗೆ ಕ್ಯೂ ಕಟ್ಟಿದವು, ಚದುರಿದವು, ಮರುದಿನ ಮತ್ತೆ ಬಂದವು. ನನಗೆ ಮೈ ಜುಮ್ಮೆಂದಿತು. ಒಂದೊಂದಕ್ಕೂ ತನ್ನ ಹಸಿವು ಬಿಟ್ಟರೆ ಬೇರೇನೂ ಗೊತ್ತಿಲ್ಲ. ಎಲ್ಲ ಸೇರಿದರೆ ನಮ್ಮ ಬೀದಿಯೇ ಆಗಿಬಿಡುತ್ತದೆ! ಮೇಲಿನಿಂದ ನೋಡುವವನಿಗೆ ನಾವೆಲ್ಲ ಹೀಗೇ ಕಾಣುತ್ತೇವೇನೋ ಅಂದುಕೊಂಡೆ.

ಸ್ವಲ್ಪ ಹೊತ್ತಿಗೇ ಆ ಬೆರಗು ಇಳಿಯಿತು. ಪರದೆಯ ಮೇಲೆ ಅಕ್ಟೋಬರ್ ಬರುವಷ್ಟರಲ್ಲಿ ನನ್ನ ಚೌಕ ಖಾಲಿ. ಮೊಟ್ಟೆ ಸೇರಿಸಿ ಆಡಿಸಿದಾಗ ಉಳಿಯಿತು.

“ಮೊಟ್ಟೆ ಇಡಿ ಅಂತಿದೆ ಅತ್ತೆ,” ಎಂದಳು ಚೇತನಾ, ಮೆಲ್ಲಗೆ. ಸೆಲ್ವಿ ಸೊಂಟದ ಮೇಲೆ ಕೈಯಿಟ್ಟು, “ಇದನ್ನ ನಾನು ಕರೆಂಟ್ ಇಲ್ಲದೆ ಹೇಳಿದ್ದೆ,” ಎಂದಳು.

ಚೇತನಾ ಅಷ್ಟಕ್ಕೇ ಬಿಡಲಿಲ್ಲ. ಮುಂದಿನದನ್ನು ಹೇಳುವ ಮೊದಲು ಮಾಡೆಲ್ ಹಿಂದಿನದನ್ನು ಸರಿಯಾಗಿ ಹೇಳಬೇಕಂತೆ. ಅದಕ್ಕೆ ‘ವ್ಯಾಲಿಡೇಶನ್’ ಎನ್ನುತ್ತಾರೆ. ಹಳೆಯ ಲೆಕ್ಕ ಏನಾದರೂ ಇದೆಯೇ ಎಂದಳು. ಗೋಡೆಯ ಕ್ಯಾಲೆಂಡರಿನ ಚೌಕಗಳಲ್ಲಿ ಆ ದಿನ ಎಷ್ಟು ಪಡಿ ಅಕ್ಕಿ ಹಾಕಿದೆ ಎಂದು ಬರೆಯುವುದು ನನ್ನ ಅಭ್ಯಾಸ. ಶಿವನ ಚಿತ್ರವಿದ್ದ ಹಳೆಯ ಕ್ಯಾಲೆಂಡರನ್ನು ಎಸೆಯಲು ಮನಸ್ಸಾಗದೆ ಸುರುಳಿ ಸುತ್ತಿ ಇಟ್ಟಿದ್ದೆ. ಅದನ್ನು ಬಿಡಿಸಿಕೊಟ್ಟೆ.

ಹೊಸ ಕ್ಯಾಂಟೀನನ್ನು ತೆಗೆದು, ಗೇಟಿನ ಬಳಿಯ ಹಳೆಯ ಬಿರಿಯಾನಿ ಗಾಡಿಯನ್ನು ಮಾತ್ರ ಇಟ್ಟು ಹಿಂದಿನ ವರ್ಷವನ್ನು ಆಡಿಸಿದಳು. ಬಹುಪಾಲು ತಾಳೆಯಾಯಿತು. ಆದರೆ ನವೆಂಬರ್ ನಡುವಿನಿಂದ ನನ್ನ ಕ್ಯಾಲೆಂಡರಿನಲ್ಲಿ ಆರು ಪಡಿ ಒಂಬತ್ತಾಗಿತ್ತು, ಅವಳ ಪರದೆ ಆರರಲ್ಲೇ ನಿಂತಿತ್ತು.

“ಆಗ ಕಾರ್ತಿಗೈ ತಿಂಗಳಲ್ಲವೇನೆ? ಶಬರಿಮಲೆಗೆ ಮಾಲೆ ಹಾಕಿರ್ತಾರೆ. ಮಾಂಸ ಮೊಟ್ಟೆ ಮುಟ್ಟಲ್ಲ, ಅವು ಬೆಂದ ಪಾತ್ರೆಯಲ್ಲಿ ಮಾಡಿದ್ದನ್ನೂ ತಿನ್ನಲ್ಲ,” ಎಂದೆ.

“ಎಷ್ಟು ಜನ?”

ಬೆರಳು ಮಡಚಿದೆ. ಒಂಬತ್ತು.

ಅವಳು ಒಂಬತ್ತು ಚುಕ್ಕಿಗಳಿಗೆ ಮಾಲೆ ಹಾಕಿ ಕಪ್ಪು ಬಣ್ಣ ಕೊಟ್ಟಳು. ಒಂಬತ್ತು ಊಟ ಹೆಚ್ಚಾಯಿತು. ಕ್ಯಾಲೆಂಡರಿನಲ್ಲಿ ಹೆಚ್ಚಿದ್ದು ಮೂವತ್ತಾರು. ಮಿಕ್ಕ ಇಪ್ಪತ್ತೇಳು ಊಟ ಯಾರು ಮಾಡಿದರು? ಅವಳು ಉಗುರು ಕಚ್ಚುತ್ತಾ ಕೂತಳು. ಪರದೆಯಲ್ಲಿ ಆ ಕಪ್ಪು ಚುಕ್ಕಿಗಳು ಒಂದೊಂದಾಗಿ ಬಂದು, ಒಂದೊಂದಾಗಿ ಉಂಡು ಹೋಗುತ್ತಿದ್ದವು. ನೋಡುತ್ತಿದ್ದ ನನಗೆ ಪಾಪ ಅನ್ನಿಸಿತು.

“ಇವೇನೆ ಒಂಟಿಯಾಗಿ ಉಣ್ತಿವೆ? ಯಾರಾದರೂ ಸತ್ತಿದ್ದಾರಾ?”

“ಅಂದರೆ?”

“ನೀನು ಹಾಸ್ಟೆಲಿನಲ್ಲಿ ಲ್ಯಾಪ್‌ಟಾಪ್ ಮುಂದೆ ಇಟ್ಕೊಂಡು ಉಣ್ತೀಯ, ಅದಕ್ಕೇ ನಿನ್ನ ಚುಕ್ಕಿಗಳೂ ಹಾಗೇ ಇವೆ. ನಾಳೆ ಹನ್ನೆರಡೂವರೆಗೆ ಬಾಗಿಲಲ್ಲಿ ನಿಂತು ನೋಡು.”

ಮರುದಿನ ಅವಳು ಯಜಮಾನರ ಪಕ್ಕ ಸ್ಟೂಲು ಹಾಕಿಕೊಂಡು ಕೂತಳು. ಗೇಟಿನಿಂದ ಯಾರೂ ಒಬ್ಬರೇ ಬರಲಿಲ್ಲ. ಒಂದೊಂದು ಮೆಷಿನ್ ಶಾಪಿನವರು ಕೈ ತೊಳೆದು, ಕೊನೆಯವನು ಬರುವವರೆಗೂ ಬೇವಿನ ಮರದಡಿ ಕಾದು, ಒಟ್ಟಿಗೆ ಹೊರಡುತ್ತಿದ್ದರು. ಜೊತೆಯವರಲ್ಲಿ ಒಬ್ಬನಿಗೆ ಉಣ್ಣಲಾಗದ ಜಾಗಕ್ಕೆ ಮಿಕ್ಕವರೂ ಹೋಗುವುದಿಲ್ಲ. ಇದು ಯಾರೂ ಬರೆದಿಟ್ಟ ಕಾನೂನಲ್ಲ, ಲೇತ್ ಮೇಲೆ ನಿಂತವರೆಲ್ಲರಿಗೂ ಗೊತ್ತು.

“ಮಾಮಾ, ನೀವ್ಯಾಕೆ ನಿನ್ನೆ ಹೇಳಲಿಲ್ಲ?” ಎಂದಳು ಚೇತನಾ.

“ನೀನು ಕೇಳಿದ್ದು ಅಕ್ಕಿ ಲೆಕ್ಕ,” ಎಂದರು ಯಜಮಾನರು.

ಅವಳು ಇನ್ನೊಂದನ್ನೂ ಕಂಡುಹಿಡಿದಳು. ಆರು ಜನರ ಒಂದು ಗುಂಪು ನಮ್ಮ ಬಾಗಿಲಿಗೆ ಬಂದು, ಇಣುಕಿ, ಎದುರಿಗೆ ಹೋಯಿತು. ನಮ್ಮಲ್ಲಿ ನಾಲ್ಕು ನಾಲ್ಕು ಜನ ಕೂರುವ ಬಿಡಿ ಟೇಬಲ್ಲುಗಳು. ಅಲ್ಲಿ ಉದ್ದದ ಬೆಂಚು. ಇಷ್ಟು ದಿನ ಅವರು ನನ್ನ ಸಾರನ್ನು ಬಿಟ್ಟು ಹೋದರು ಅಂದುಕೊಂಡು ನಾನು ಕೊರಗಿದ್ದೆ!

ಎರಡು ದಿನ ಕೂತು ಚೇತನಾ ಹೊಸ ನಿಯಮ ಬರೆದಳು. ಚುಕ್ಕಿಗಳನ್ನು ನಾಲ್ಕು, ಐದು, ಆರರ ಗುಂಪಾಗಿ ಕಟ್ಟಿದಳು. ಯಾರೊಬ್ಬರೂ ಹಸಿದು ಏಳಬಾರದು, ಎಲ್ಲರೂ ಒಟ್ಟಿಗೆ ಕೂರಬೇಕು. ಅಷ್ಟೇ. ಹಿಂದಿನ ವರ್ಷವನ್ನು ಮತ್ತೆ ಆಡಿಸಿದಳು. ಮಾಲೆಯ ಚುಕ್ಕಿ ಗೇಟಿನಿಂದ ಹೊರಗೆ ಬಂದು ನನ್ನ ಚೌಕದ ಕಡೆ ತಿರುಗಿತು. ಕಾಣದ ದಾರ ಹಿಡಿದು ಎಳೆದ ಹಾಗೆ ಹಿಂದೆಯೇ ಮೂರು ನಾಲ್ಕು ಬೂದು ಚುಕ್ಕಿಗಳೂ ತಿರುಗಿದವು. ಒಂಬತ್ತು ಜನ ಒಂದು ಬೀದಿಯನ್ನೇ ವಾಲಿಸಿದ್ದರು. ಪರದೆಯ ಗೆರೆ ಏರಿ ಏರಿ ಒಂಬತ್ತು ಪಡಿಯ ಹತ್ತಿರ ಬಂದು ನಿಂತಿತು. ನಾನು ಕೈಮುಗಿದೆ. ಕಂಪ್ಯೂಟರಿಗೋ, ಶಿವನಿಗೋ, ಆ ಒಂಬತ್ತು ಚುಕ್ಕಿಗಳಿಗೋ ನನಗೂ ತಿಳಿಯಲಿಲ್ಲ.

ಇನ್ನು ಮುಂದಿನದು. ಒಂದು ಸಲ ಆಡಿಸಿ ನಂಬಬಾರದಂತೆ, ಆಕಸ್ಮಿಕಗಳಿರುತ್ತವೆ. ಅದಕ್ಕೆ ನೂರು ಸಲ ಆಡಿಸಿದಳು. ಮೊಟ್ಟೆ ಇಟ್ಟರೆ ಸೆಪ್ಟೆಂಬರಿನಲ್ಲಿ ಜನ ಹೆಚ್ಚು, ಕಾರ್ತಿಗೈ ಬಂದಾಗ ಮಾಲೆಯವರು ಗುಂಪಿನ ಸಮೇತ ದೂರ. ನೂರರಲ್ಲಿ ಐವತ್ತೆಂಟು ಸಲ ನನ್ನ ಚೌಕ ಮುಚ್ಚಿತು. ಮೊಟ್ಟೆ ಇಡದೆ, ಉದ್ದದ ಟೇಬಲ್ ಮಾಡಿದರೆ ಮುಚ್ಚಿದ್ದು ಮೂವತ್ತೊಂದು ಸಲ.

“ಆ ಮೂವತ್ತೊಂದರಲ್ಲಿ ನಾನಿದ್ದರೆ?”

“ಇರಬಹುದು ಅತ್ತೆ. ಅದನ್ನ ಇದು ಹೇಳಲ್ಲ.”

ನನಗೆ ಆ ಮಾತು ಹಿಡಿಸಿತು. ತಿಳಿಯದ್ದನ್ನು ತಿಳಿಯದು ಎಂದು ಹೇಳುವ ವಿದ್ಯೆ ಒಳ್ಳೆಯ ವಿದ್ಯೆ. ಸೆಲ್ವಿಯನ್ನು ಕೂರಿಸಿ ಎಲ್ಲವನ್ನೂ ಹೇಳಿದೆ. ನಷ್ಟವಾದರೆ ಅವಳಿಗೂ ನಷ್ಟ. ಅವಳು ಚಹಾ ಮುಗಿಸಿ ಲೋಟ ಕೆಳಗಿಟ್ಟಳು. “ಅರವತ್ತೊಂಬತ್ತು ಸಲ ತೆರೆದಿರುತ್ತೆ ಅಂತ ಹೇಳಿ ಅಕ್ಕಾ, ಯಾಕೆ ಮುಚ್ಚೋದನ್ನೇ ಎಣಿಸ್ತೀರ?” ಎಂದಳು. ದಯೆಗಳನ್ನು ಎಣಿಸುವವಳು ನಾನು, ಎಣಿಸುವುದನ್ನು ಕಲಿಸಿದವಳು ಅವಳು.

ಯಜಮಾನರು ಟೇಬಲ್ಲುಗಳನ್ನು ಎರಡೆರಡಾಗಿ ಜೋಡಿಸಿ ಪಟ್ಟಿ ಹೊಡೆದರು. ಆರು ಜನರ ಗುಂಪು ಮರಳಿ ಬಂತು, ಆದರೆ ವಾರಕ್ಕೆ ಎರಡೇ ದಿನ. ಆಗಸ್ಟ್ ಕಳೆಯಿತು. ಸೆಪ್ಟೆಂಬರ್ ಮೊದಲಿಗೆ ಎರಡೂವರೆ ಪಡಿ. ಅದು ನಾನು ಕಂಡ ಅತಿ ಕಡಿಮೆ ಅಳತೆ. ಸೆಲ್ವಿಯ ಸಂಬಳವನ್ನು ಕೂಡಿಟ್ಟದ್ದರಿಂದ ತೆಗೆದು ಕೊಟ್ಟೆ. ಎದುರಿನ ಕ್ಯಾಂಟೀನಿನವರು ಸೆಲ್ವಿಯನ್ನು ಕೆಲಸಕ್ಕೆ ಕರೆದರು. “ಕಾರ್ತಿಗೈ ನೋಡಿ ಹೇಳ್ತೀನಿ ಅಂದೆ,” ಎಂದು ನನಗೆ ಹೇಳಿ ಪಾತ್ರೆ ಉಜ್ಜತೊಡಗಿದಳು. ಸೆಪ್ಟೆಂಬರ್ ನಡುವಿಗೆ ಹಿಡಿಯುವ ಪುರಟ್ಟಾಸಿ ತಿಂಗಳ ಶನಿವಾರಗಳಲ್ಲಿ ಪೆರುಮಾಳಿನ, ಅಂದರೆ ನಮ್ಮ ತಿಮ್ಮಪ್ಪನ, ಒಕ್ಕಲಿನವರು ಮಾಂಸ ಬಿಡುತ್ತಾರೆ. ಆ ನಾಲ್ಕು ಶನಿವಾರ ನಾಲ್ಕೂವರೆ ಪಡಿ ಬೆಂದು ಉಸಿರು ಬಂತು.

ಕಾರ್ತಿಗೈ ಮೊದಲನೆಯ ದಿನ ಐದು ಪಡಿ ಅಕ್ಕಿ ಹಾಕಿ ದೇವರ ಮುಂದೆ ನಿಂತೆ. ಹನ್ನೆರಡೂ ಮುಕ್ಕಾಲಿಗೆ ಫೋರ್‌ಮನ್ ಮುರುಗನ್ ಕಪ್ಪು ಪಂಚೆ, ಬರಿಗಾಲು, ಕೊರಳಲ್ಲಿ ಮಾಲೆಯೊಂದಿಗೆ ಬಂದ. ಮಾಲೆ ಹಾಕಿದವರನ್ನು ಹೆಸರು ಹಿಡಿದು ಕರೆಯುವಂತಿಲ್ಲ, ಎಲ್ಲರೂ ಸಾಮಿಗಳೇ.

“ವಾಂಗ ಸಾಮಿ,” ಎಂದು ಒಳಗೆ ಕರೆದಳು ಸೆಲ್ವಿ. ಅವನ ಹಿಂದೆ ಐದು ಜನ. ಒಬ್ಬ, “ಇವನಿಂದ ನಲವತ್ತೆಂಟು ದಿನ ನಮಗೂ ಬಿರಿಯಾನಿ ಇಲ್ಲ,” ಎಂದು ಗೊಣಗುತ್ತಲೇ ಕೂತು ಮೂರು ಸಲ ಸಾರು ಹಾಕಿಸಿಕೊಂಡ. ಆ ವಾರದ ಕೊನೆಗೆ ಎಂಟು ಪಡಿ. ಚೇತನಾಳ ನೂರು ಆಟಗಳಲ್ಲಿ ಕಂಡಿದ್ದ ಹಾಗೆಯೇ ಬೇವಿನ ಮರದ ಕೆಳಗಿನಿಂದ ಗುಂಪುಗಳು ತಿರುಗುವುದನ್ನು ನಾನು ಬಾಗಿಲಲ್ಲಿ ನಿಂತು ನೋಡಿದೆ.

ಎಂಟನೆಯ ದಿನವೋ ಒಂಬತ್ತನೆಯ ದಿನವೋ, ಜನ ಕಡಿಮೆಯಾದ ಮೇಲೆ ಇನ್ನೊಬ್ಬ ಸಾಮಿ ಬಂದು ಹೊಸ್ತಿಲಾಚೆಯೇ ನಿಂತರು. ಎದುರಿನ ಕ್ಯಾಂಟೀನಿನ ಮಾಲೀಕರು. ಕೊರಳಲ್ಲಿ ಮಾಲೆ, ಹಿಂದೆ ಅವರ ಅಡುಗೆಯವರು ಇಬ್ಬರು.

“ಅಮ್ಮಾ, ನಮ್ಮ ಕಡೆ ಎಲ್ಲಾ ಪಾತ್ರೆಯಲ್ಲೂ ಕೋಳಿ ಬೆಂದಿದೆ,” ಎಂದರು, ನೆಲ ನೋಡುತ್ತಾ. “ಒಂದು ವಾರದಿಂದ ಬಾಳೆಹಣ್ಣಲ್ಲೇ ಇದ್ದೀನಿ.”

ಸೆಲ್ವಿ ನನ್ನ ಮುಖ ನೋಡಿದಳು, ನಾನು ಅವಳ ಮುಖ ನೋಡಿದೆ. ಅವಳೇ ಹೋಗಿ ಉದ್ದದ ಟೇಬಲ್ ಒರೆಸಿ ಎಲೆ ಹಾಸಿದಳು. “ಕೂರಿ ಸಾಮಿ. ಇಲ್ಲೇ ಕೆಲಸಕ್ಕಿದ್ದೀನಿ, ಅಲ್ಲಿಗೆ ಬರಲ್ಲ,” ಎಂದಳು. ಅವರು ನಕ್ಕರು. ವ್ರತ ಮುಗಿಯುವವರೆಗೂ ದಿನಾ ಬಂದರು, ಅಡುಗೆಯವರನ್ನೂ ಕರೆತಂದರು.

ಆ ಸಂಜೆ ಚೇತನಾಳಿಗೆ ಫೋನ್ ಮಾಡಿದೆ. “ನೀನು ಚುಕ್ಕಿಗಳಿಗೆ ಮಾತ್ರ ಹಸಿವು ಕೊಟ್ಟಿದ್ದೆ. ಎದುರಿನ ಚೌಕಕ್ಕೂ ಹಸಿವಾಗುತ್ತೆ ಅಂತ ಬರ್ಕೊಳ್ಳೆ,” ಎಂದೆ. ಆ ಕಡೆಯಿಂದ ಕೀಲಿ ಒತ್ತುವ ಸದ್ದು ಕೇಳಿಸಿತು.

ಈಗ ದಿನಕ್ಕೆ ಆರು ಪಡಿಯ ಆಸುಪಾಸಿನಲ್ಲೇ ಇದ್ದೇವೆ, ನಾವೂ ಎದುರಿನವರೂ ಇಬ್ಬರೂ ನಡೆಸುತ್ತಿದ್ದೇವೆ. ಈ ಕೆಲಸ ನನಗೆ ಕಲಿಸಿದ್ದು ಇಷ್ಟು: ಬಾಗಿಲಿಗೆ ಬಂದವನು ಒಬ್ಬನೇ ಅಂತ ಎಣಿಸಬಾರದು. ಅವನ ಹಿಂದೆ ಯಾರಿದ್ದಾರೆ ಎಂದು ಕಣ್ಣೆತ್ತಿ ನೋಡಿ, ಆಮೇಲೆ ಅಕ್ಕಿ ಅಳೆಯಬೇಕು. ಈಗಲೂ ಕಾರ್ತಿಗೈ ಬಂದರೆ ನಾನು ಒಂದು ಹಿಡಿ ಹೆಚ್ಚೇ ಹಾಕುತ್ತೇನೆ. ಅದು ಎದುರಿನವರಿಗೆ.